ಸೂರ್ಯನಿಗಿಂತ ಫಾಸ್ಟಾಗಿ ಹಾರಿದ ಪೈಲಟ್ ಸಿನಿಮಾದಲ್ಲಿ ಬೋಟ್ ಓಡಿಸಿದ್ದು ಹೇಗೆ? ಪೀಟರ್ ಟ್ವಿಸ್ ಬಗ್ಗೆ ಬುಡದಿಂದ

2025ರ ಜನವರಿ 28ಕ್ಕೆ ಅಮೆರಿಕದ ಮೊಹಾವಿ ಮರುಭೂಮಿ ಮೇಲೆ ಎಕ್ಸ್‌ಬಿ-1 ಅನ್ನೋ ಪುಟ್ಟ ವಿಮಾನ ಶಬ್ದದ ವೇಗಕ್ಕಿಂತ ಫಾಸ್ಟಾಗಿ ಹಾರ್ತು, ಅದೇ ವರ್ಷ ಅಕ್ಟೋಬರ್ 28ಕ್ಕೆ ನಾಸಾದ ಎಕ್ಸ್-59 ಮೊದಲ ಸಲ ನೆಲ ಬಿಟ್ಟು ಮೇಲೆದ್ದಿತು. ಆವಾಗಿಂದ ಸೂಪರ್‌ಸಾನಿಕ್, ಮ್ಯಾಕ್, ಟೆಸ್ಟ್ ಪೈಲಟ್ ಅನ್ನೋ ಪದಗಳು ನ್ಯೂಸಲ್ಲಿ ಮತ್ತೆ ಮತ್ತೆ ಬರ್ತಿವೆ. ಎಕ್ಸ್-59ರ ಫೋಟೋ ನೋಡಿದ್ರೆ ಒಂದು ವಿಚಿತ್ರ ಕಣ್ಣಿಗೆ ಹೊಡೆಯುತ್ತೆ, ಕೊಕ್ಕರೆ ಕೊಕ್ಕಿನ ಥರ ಉದ್ದದ ಮೂಗು, ಆದ್ರೆ ಪೈಲಟ್‌ಗೆ ಮುಂದೆ ನೋಡೋಕೆ ಕಿಟಕಿನೇ ಇಲ್ಲ! ಕ್ಯಾಮೆರಾ ಹಾಕಿ ಒಳಗಡೆ ಸ್ಕ್ರೀನಲ್ಲಿ ತೋರಿಸ್ತಾರೆ.

ಈ ಮೂಗಿನ ತಾಪತ್ರಯ ಇವತ್ತಿಂದಲ್ಲ. ಸುಮಾರು 70 ವರ್ಷದ ಹಿಂದೆ ಇಂಗ್ಲೆಂಡಲ್ಲಿ ಇದೇ ತಾಪತ್ರಯಕ್ಕೆ ಬೇರೆ ಥರದ ಉತ್ತರ ಹುಡುಕಿದ್ರು, ಆ ವಿಮಾನ ಹಾರಿಸಿದ ಮನುಷ್ಯನ ಹೆಸರು ಪೀಟರ್ ಟ್ವಿಸ್. ಗಂಟೆಗೆ 1,000 ಮೈಲಿ ದಾಟಿ ಅಧಿಕೃತ ವಿಶ್ವದಾಖಲೆ ಮಾಡಿದ ಮೊದಲಿಗರು ಇವ್ರೇ. ಆಮೇಲೆ ಎರಡು ಸಿನಿಮಾದಲ್ಲೂ ಕೆಲಸ ಮಾಡಿದ್ರು, ಒಂದ್ರಲ್ಲಿ ವಿಮಾನ, ಇನ್ನೊಂದ್ರಲ್ಲಿ ಬೋಟು. ಇವರ ಕಥೆ ಹಿಡ್ಕೊಂಡು ಹೋದ್ರೆ ಮೇಲೆ ಹೇಳಿದ ಪದಗಳೆಲ್ಲ ತಾವಾಗೇ ಅರ್ಥ ಆಗ್ತಾವೆ, ಅದಕ್ಕೇ ಈ ಬರಹ.

ಟೆಸ್ಟ್ ಪೈಲಟ್ ಅಂದ್ರೆ ಏನ್ ಕೆಲಸ?

ಪ್ರಾಣ ಲೆಕ್ಕಿಸ್ದೆ ವಿಮಾನವನ್ನ ಹೆಂಗೆಂಗೋ ತಿರುಗಿಸೋನು ಅಂತ ತುಂಬಾ ಜನ ಅಂದ್ಕೊಂಡಿದಾರೆ. ಕೆಲಸ ಹೆಚ್ಚುಕಮ್ಮಿ ಅದರ ಉಲ್ಟಾ. ಹೊಸ ವಿಮಾನ ಒಂದನ್ನ ಇಂಜಿನಿಯರ್‌ಗಳು ಪೇಪರ್ ಮೇಲೆ ಲೆಕ್ಕ ಹಾಕಿ ಮಾಡಿರ್ತಾರೆ, ಅದು ಆಕಾಶದಲ್ಲಿ ನಿಜವಾಗ್ಲೂ ಹಂಗೇ ನಡ್ಕೊಳ್ಳುತ್ತಾ ಅಂತ ಯಾರಾದ್ರೂ ಹೋಗಿ ನೋಡ್ಬೇಕಲ್ಲ, ಆ ಯಾರಾದ್ರೂ ಅನ್ನೋರೇ ಟೆಸ್ಟ್ ಪೈಲಟ್.

ಗೊತ್ತಿಲ್ಲದ ಹೊಳೆ ದಾಟೋರು ಏನ್ಮಾಡ್ತಾರೆ? ಕೋಲು ಊರಿ ಆಳ ನೋಡಿ ಒಂದು ಹೆಜ್ಜೆ, ಮತ್ತೆ ಊರಿ ಇನ್ನೊಂದು ಹೆಜ್ಜೆ. ಇಲ್ಲೂ ಅಷ್ಟೇ. ಇವತ್ತು ಇಷ್ಟು ಸ್ಪೀಡು, ಇಳಿದು ಬಂದು ರೀಡಿಂಗ್ ನೋಡೋದು, ಎಲ್ಲ ಸರಿ ಇದ್ರೆ ನಾಳೆ ಇನ್ನು ಸ್ವಲ್ಪ ಜಾಸ್ತಿ. ವಿಮಾನ ಎಷ್ಟು ನಿಧಾನಕ್ಕೆ ಹೋದ್ರೂ ಬೀಳಲ್ಲ, ಎಷ್ಟು ಜೋರಾಗಿ ಹೋದ್ರೂ ಮುರಿಯಲ್ಲ, ಎಷ್ಟು ಎತ್ತರದಲ್ಲಿ ಮಾತು ಕೇಳುತ್ತೆ, ಈ ಎಲ್ಲ ಮಿತಿಗಳ ಒಳಗಿನ ಜಾಗಕ್ಕೆ 'ಎನ್ವಲಪ್' ಅಂತಾರೆ. ಟೆಸ್ಟ್ ಪೈಲಟ್ ಆ ಎನ್ವಲಪ್‌ನ ಬೇಲಿ ಹುಡುಕ್ಕೊಂಡು ಹೋಗೋ ಮನುಷ್ಯ. ಬೇಲಿ ಹಾರೋನಲ್ಲ.

ಇನ್ನೊಂದು ಮುಖ್ಯ ವಿಷ್ಯ, ಹಾರಿದ್ದಷ್ಟೇ ಅಲ್ಲ, ಬಂದು ಸರಿಯಾಗಿ ಹೇಳೋಕೂ ಬರ್ಬೇಕು. 'ಸ್ವಲ್ಪ ಅಲ್ಲಾಡ್ತು ಸಾರ್' ಅಂದ್ರೆ ಇಂಜಿನಿಯರ್‌ಗೆ ಏನೂ ಪ್ರಯೋಜನ ಇಲ್ಲ. ಯಾವ ಎತ್ತರ, ಯಾವ ಸ್ಪೀಡು, ಕೈಗೆ ಎಷ್ಟು ಭಾರ ಬಂತು, ಮೊದಲು ಮೂಗು ಏಳ್ತಾ ರೆಕ್ಕೆ ವಾಲ್ತಾ, ಎಲ್ಲ ಬೇಕು. ಇದನ್ನ ಕಲಿಸೋಕೇ ಬ್ರಿಟನ್ನಲ್ಲಿ ಎಂಪೈರ್ ಟೆಸ್ಟ್ ಪೈಲಟ್ಸ್ ಸ್ಕೂಲ್ ಇದೆ, ಟ್ವಿಸ್ 1945ರಲ್ಲಿ ಅಲ್ಲಿ ಓದಿದ್ರು.

ಟೀ ರುಚಿ ನೋಡ್ತಿದ್ದ ಹುಡುಗ

ಹುಟ್ಟಿದ್ದು 1921ರ ಜುಲೈ 23, ಇಂಗ್ಲೆಂಡಿನ ಸಸೆಕ್ಸ್‌ನಲ್ಲಿ. ಶಾಲೆ ಮುಗಿಸಿ ಲಂಡನ್ನಲ್ಲಿ ಬ್ರೂಕ್ ಬಾಂಡ್ ಕಂಪನಿಲಿ ಟೀ ರುಚಿ ನೋಡೋ ಕೆಲಸ ಕಲಿಯೋಕೆ ಸೇರ್ಕೊಂಡ್ರು. ಹೌದು, ಟೀ! ಆಮೇಲೆ ಅದನ್ನ ಬಿಟ್ಟು ಮನೆಯವರ ಜಮೀನಿಗೆ ವಾಪಸ್. ನೌಕಾಪಡೆಯ ವಿಮಾನ ವಿಭಾಗಕ್ಕೆ ಅರ್ಜಿ ಹಾಕಿದ್ರೆ ಮೊದಲ ಸಲ ಬೇಡ ಅಂದ್ಬಿಟ್ರು, 1939ರಲ್ಲಿ ಯುದ್ಧ ಬಂದ್ಮೇಲೆ ತಗೊಂಡ್ರು.

ಯುದ್ಧದಲ್ಲಿ ಇವ್ರು ಇದ್ದ ಒಂದು ಯೂನಿಟ್ ಬಗ್ಗೆ ಹೇಳ್ಲೇಬೇಕು. ಆಗ ಸರಕು ಹಡಗುಗಳ ಮೇಲೆ ಶತ್ರು ವಿಮಾನ ದಾಳಿ ಮಾಡ್ತಿದ್ವು, ಸರಕು ಹಡಗಲ್ಲಿ ರನ್‌ವೇ ಎಲ್ಲಿಂದ ಬರ್ಬೇಕು, ಅದಕ್ಕೆ ಹಡಗಿನ ಮುಂದೆ ಒಂದು ಹಳಿ ಹಾಕಿ ಹರಿಕೇನ್ ಫೈಟರ್‌ನ ಅದರ ಮೇಲೆ ಕೂರಿಸಿ ರಾಕೆಟ್ ಕಟ್ಟಿ, ಕವಣೆ ಕಲ್ಲು ಬೀಸೋ ಹಾಗೆ ಆಕಾಶಕ್ಕೆ ಎಸೀತಿದ್ರು. ಹೋಗೋಕೆ ವ್ಯವಸ್ಥೆ ಇತ್ತು, ಇಳಿಯೋಕೆ ಇರ್ಲಿಲ್ಲ. ಹತ್ರ ನೆಲ ಇಲ್ದಿದ್ರೆ ಪೈಲಟ್ ಸಮುದ್ರಕ್ಕೆ ಬಿದ್ದು ಯಾರಾದ್ರೂ ಎತ್ಕೊಳ್ಳೋ ತನಕ ಕಾಯ್ಬೇಕು. ಆಮೇಲೆ ಟ್ವಿಸ್ ಮಾಲ್ಟಾಗೆ ಹೋಗೋ ಹಡಗುಗಳ ರಕ್ಷಣೆಗೆ ಹಾರಿದ್ರು, 1942ರಲ್ಲಿ ಡಿಎಸ್‌ಸಿ ಶೌರ್ಯ ಪದಕ ಬಂತು, ಅದೇ ವರ್ಷದ ಉತ್ತರ ಆಫ್ರಿಕಾ ಕಾರ್ಯಾಚರಣೆಗೆ ಅದೇ ಪದಕ ಇನ್ನೊಂದು ಸಲ. ಯುದ್ಧ ಮುಗಿದ್ಮೇಲೆ, 1946ರಲ್ಲಿ, ಫೇರಿ ಅನ್ನೋ ವಿಮಾನ ಕಂಪನಿಗೆ ಟೆಸ್ಟ್ ಪೈಲಟ್ ಆಗಿ ಸೇರ್ಕೊಂಡ್ರು.

ಶಬ್ದದ ವೇಗ, ಮ್ಯಾಕ್, ಆ ಢಂ ಸದ್ದು

ಕೆರೆಲಿ ಒಂದು ಕಲ್ಲು ಹಾಕಿದ್ರೆ ಅಲೆ ಸುತ್ತಲೂ ಉಂಗುರದ ಥರ ಹರಡುತ್ತೆ. ನಿಧಾನಕ್ಕೆ ಹೋಗೋ ದೋಣಿ ಎಬ್ಬಿಸಿದ ಅಲೆಗಳು ದೋಣಿಗಿಂತ ಮುಂದೆ ಓಡ್ತಾವೆ. ಆದ್ರೆ ದೋಣಿ ಅಲೆಗಿಂತ ಫಾಸ್ಟಾಗಿ ಹೋದ್ರೆ? ಅಲೆಗೆ ಮುಂದೆ ಹೋಗೋಕೆ ಟೈಮೇ ಸಿಗಲ್ಲ, ಎಲ್ಲ ಅಲೆ ಒಂದ್ರ ಮೇಲೊಂದು ಬಿದ್ದು ದೋಣಿ ಹಿಂದೆ ಬಾಣದ ಮೊನೆ ಥರ ಒಂದು ದೊಡ್ಡ ಅಲೆ ಆಗುತ್ತೆ.

ಗಾಳಿಲೂ ಇದೇ ಆಗೋದು. ವಿಮಾನ ಗಾಳಿನ ತಳ್ಳಿದಾಗ ಆ ಒತ್ತಡದ ಅಲೆಗಳು ಶಬ್ದದ ವೇಗದಲ್ಲಿ ಹರಡ್ತಾವೆ, ವಿಮಾನ ಅದನ್ನೂ ಮೀರಿದ್ರೆ ಅಲೆಗಳೆಲ್ಲ ಒಟ್ಟಾಗಿ ಗಟ್ಟಿ ಅಲೆ ಆಗಿ ನೆಲಕ್ಕೆ ಬಂದು ಬಡಿಯುತ್ತೆ, ನಮಗೆ ಕೇಳ್ಸೋದು ಢಂ ಅಂತ ಗುಂಡು ಹೊಡೆದ ಥರ. ಅದೇ ಸಾನಿಕ್ ಬೂಮ್. ಇದು ಶಬ್ದದ ವೇಗ ದಾಟೋ ಕ್ಷಣಕ್ಕೆ ಒಂದೇ ಸಲ ಬರೋದು ಅಂತ ತುಂಬಾ ಜನ ತಪ್ಪು ತಿಳ್ಕೊಂಡಿದಾರೆ. ಅಲ್ಲ, ದೋಣಿ ಹಿಂದಿನ ಅಲೆ ಥರ ವಿಮಾನ ಹೋದ ದಾರಿ ಉದ್ದಕ್ಕೂ ಎಳ್ಕೊಂಡು ಬರುತ್ತೆ, ಅಲೆ ನಮ್ಮನ್ನ ದಾಟೋವಾಗ ನಮಗೆ ಒಂದ್ಸಲ ಕೇಳುತ್ತೆ ಅಷ್ಟೇ.

ಮ್ಯಾಕ್ ಅನ್ನೋದು ಬರೀ ಹೋಲಿಕೆ. ಅಲ್ಲಿನ ಶಬ್ದದ ವೇಗದಷ್ಟೇ ಹೋದ್ರೆ ಮ್ಯಾಕ್ 1, ಎರಡರಷ್ಟು ಹೋದ್ರೆ ಮ್ಯಾಕ್ 2. ಮ್ಯಾಕ್ 1 ದಾಟಿದ್ರೆ ಅದು ಸೂಪರ್‌ಸಾನಿಕ್. 'ಅಲ್ಲಿನ' ಅಂತ ಯಾಕಂದೆ ಅಂದ್ರೆ ಶಬ್ದದ ವೇಗ ಗಾಳಿಯ ಬಿಸಿ ಮೇಲೆ ನಿಂತಿದೆ, ನೆಲದ ಹತ್ರ ಗಂಟೆಗೆ ಸುಮಾರು 1,225 ಕಿಲೋಮೀಟರ್, 11 ಕಿಲೋಮೀಟರ್ ಮೇಲೆ ಕೊರೆಯೋ ಚಳಿಲಿ ಸುಮಾರು 1,060ಕ್ಕೆ ಇಳಿಯುತ್ತೆ.

ತ್ರಿಕೋನದ ರೆಕ್ಕೆ, ಬಗ್ಗೋ ಮೂಗು

ಫೇರಿ ಕಂಪನಿ ಮಾಡಿದ ವಿಮಾನದ ಹೆಸರು ಫೇರಿ ಡೆಲ್ಟಾ 2. ಬರೀ ಸಂಶೋಧನೆಗೆ ಅಂತ ಮಾಡಿದ್ದು, ಒಟ್ಟು ಎರಡೇ ಎರಡು. ಗ್ರೀಕ್ ಅಕ್ಷರ ಡೆಲ್ಟಾ ತ್ರಿಕೋನದ ಥರ ಇದೆಯಲ್ಲ, ರೆಕ್ಕೆನೂ ಹಂಗೇ, ಅದಕ್ಕೆ ಆ ಹೆಸರು. ಜೋರಾಗಿ ಹೋಗೋಕೆ ರೆಕ್ಕೆ ತೆಳ್ಳಗಿರ್ಬೇಕು, ತೆಳ್ಳಗಿದ್ರೆ ಮುರಿಯೋ ಭಯ, ತ್ರಿಕೋನ ಆದ್ರೆ ದೇಹಕ್ಕೆ ಅಂಟೋ ಬುಡ ಅಗಲವಾಗಿರೋದ್ರಿಂದ ತೆಳ್ಳಗಿದ್ರೂ ಗಟ್ಟಿ ಇರುತ್ತೆ.

ಆದ್ರೆ ಡೆಲ್ಟಾ ರೆಕ್ಕೆಗೆ ಒಂದು ಕಾಟ ಇದೆ. ನಿಧಾನಕ್ಕೆ ಹಾರೋವಾಗ, ಅಂದ್ರೆ ಇಳಿಯೋವಾಗ, ಸಾಕಷ್ಟು ಎತ್ತೋ ಬಲ ಸಿಗ್ಬೇಕಂದ್ರೆ ಮೂಗನ್ನ ತುಂಬಾ ಮೇಲೆತ್ಬೇಕು, ಮೂಗು ಮೇಲೆದ್ರೆ ಪೈಲಟ್‌ಗೆ ಕಾಣೋದು ಆಕಾಶ, ಇಳಿಬೇಕಾಗಿರೋದು ಕೆಳಗೆ! ದೊಡ್ಡ ಪೆಟ್ಟಿಗೆ ಎದೆಗೆ ಅಪ್ಪಿಕೊಂಡು ಮೆಟ್ಟಿಲು ಇಳಿಯೋರ ಪಾಡು.

ಫೇರಿಯವ್ರು ಏನ್ಮಾಡಿದ್ರು ಅಂದ್ರೆ ಕಾಕ್‌ಪಿಟ್ ಸಮೇತ ಇಡೀ ಮೂಗನ್ನೇ 10 ಡಿಗ್ರಿ ಕೆಳಗೆ ಬಗ್ಗೋ ಹಾಗೆ ಮಾಡಿದ್ರು. ಇಳಿಯೋವಾಗ ಬಗ್ಗಿಸೋದು, ಮೇಲೆ ಹೋದ್ಮೇಲೆ ನೇರ ಮಾಡೋದು. ಇದೇ ಐಡಿಯಾ ಆಮೇಲೆ ಕಾಂಕಾರ್ಡ್ ಅನ್ನೋ ಸೂಪರ್‌ಸಾನಿಕ್ ಪ್ರಯಾಣಿಕ ವಿಮಾನಕ್ಕೆ ಬಂತು, ಅಲ್ಲಿ ಕಾಕ್‌ಪಿಟ್ ಮುಂದಿನ ಭಾಗ ಮಾತ್ರ ಬಗ್ತಿತ್ತು. ಈಗ ಎಕ್ಸ್-59ರಲ್ಲಿ ಬಗ್ಗಿಸೋ ಗೋಜೇ ಬೇಡ ಅಂತ ಕ್ಯಾಮೆರಾ ಹಾಕ್ಬಿಟ್ಟಿದಾರೆ.

ಇಂಜಿನ್ ನಿಂತ ದಿನ

ಡೆಲ್ಟಾ 2 ಮೊದಲು ಹಾರಿದ್ದು 1954ರ ಅಕ್ಟೋಬರ್ 6ಕ್ಕೆ, ಟ್ವಿಸ್ ಕೈಲೇ. ನವೆಂಬರ್ 17ಕ್ಕೆ 14ನೇ ಹಾರಾಟ. ಬಾಸ್ಕೋಂಬ್ ಡೌನ್ ಏರ್‌ಫೀಲ್ಡಿಂದ ಸುಮಾರು 30 ಮೈಲಿ ದೂರ ಹೋಗಿದಾರೆ, 30,000 ಅಡಿ ಮೇಲಿದಾರೆ, ಒಳಗಡೆ ಒತ್ತಡ ಜಾಸ್ತಿ ಆಗಿ ಇಂಧನದ ಟ್ಯಾಂಕ್ ಒಂದು ಕುಸಿದು ಹೋಯ್ತು. ಇಂಧನ ಇಲ್ಲ, ಇಂಜಿನ್ ಬಂದ್.

ಇಂಜಿನ್ ನಿಂತ್ರೆ ವಿಮಾನ ಕಲ್ಲಿನ ಥರ ಬೀಳುತ್ತೆ ಅನ್ನೋದು ತಪ್ಪು. ಎತ್ತರ ಅನ್ನೋದೇ ಕೂಡಿಟ್ಟ ದುಡ್ಡು ಇದ್ದ ಹಾಗೆ, ಅದನ್ನ ಸ್ವಲ್ಪ ಸ್ವಲ್ಪ ಖರ್ಚು ಮಾಡ್ತಾ ಮುಂದಕ್ಕೆ ತೇಲ್ಕೊಂಡು ಹೋಗ್ಬಹುದು. ಇಂಜಿನ್ ಇಲ್ದೆ ಹಂಗೆ ಇಳಿಸೋದಕ್ಕೆ ಡೆಡ್‌ಸ್ಟಿಕ್ ಲ್ಯಾಂಡಿಂಗ್ ಅಂತಾರೆ. ಆದ್ರೆ ಈ ಥರದ ಡೆಲ್ಟಾ ವಿಮಾನದಲ್ಲಿ ದುಡ್ಡು ಬೇಗ ಖಾಲಿ ಆಗುತ್ತೆ, ಇಳಿಯೋ ಸ್ಪೀಡೂ ಜಾಸ್ತಿ. ಟ್ವಿಸ್ ಹಾರಿ ಹೊರಗೆ ಬರ್ಬಹುದಿತ್ತು, ಬರ್ಲಿಲ್ಲ. ಏರ್‌ಫೀಲ್ಡ್ ತನಕ ತೇಲಿಸ್ಕೊಂಡು ಬಂದು ಭಾರೀ ಸ್ಪೀಡಲ್ಲಿ ಇಳಿಸಿದ್ರು, ಅದೂ ಮುಂದಿನ ಚಕ್ರ ಮಾತ್ರ ಹೊರಗೆ ಬಂದಿತ್ತು, ಹಿಂದಿನವು ಬರ್ಲೇ ಇಲ್ಲ. ವಿಮಾನಕ್ಕೆ ಏಟು ಬಿತ್ತು, ರಿಪೇರಿಗೆ ಎಂಟು ತಿಂಗಳು ಹಿಡೀತು. ಟ್ವಿಸ್‌ಗೆ ಮೈ ಕೈ ಅದುರಿದ್ದು ಬಿಟ್ರೆ ಏನೂ ಆಗ್ಲಿಲ್ಲ.

ಇಲ್ಲಿ ಒಂದು ಸೂಕ್ಷ್ಮ ಇದೆ. ವಿಮಾನ ಬಿಟ್ಟು ಹಾರಿದ್ರೆ ಜೀವ ಉಳಿತಿತ್ತು, ಆದ್ರೆ ಯಾಕೆ ಇಂಜಿನ್ ನಿಂತ್ಹೋಯ್ತು ಅನ್ನೋ ಉತ್ತರ ಚೂರು ಚೂರಾಗಿ ಹೊಲದಲ್ಲಿ ಬಿದ್ದಿರ್ತಿತ್ತು. ವಿಮಾನ ವಾಪಸ್ ಬಂತು, ಟ್ಯಾಂಕ್ ತೆಗೆದು ನೋಡಿದ್ರು, ಕಾರಣ ಸಿಕ್ತು. ಇದಕ್ಕೆ ರಾಣಿಯ ಪ್ರಶಂಸಾ ಗೌರವನೂ ಸಿಕ್ತು.

1956ರ ಮಾರ್ಚ್ 10

ಆಗ ಇದ್ದ ದಾಖಲೆ ಅಮೆರಿಕದ ಸೂಪರ್ ಸೇಬರ್ ವಿಮಾನದ್ದು, ಗಂಟೆಗೆ 822 ಮೈಲಿ, ಅಂದ್ರೆ 1,323 ಕಿಲೋಮೀಟರ್. ಡೆಲ್ಟಾ 2 ರಿಪೇರಿ ಆಗಿ ಮತ್ತೆ ಹಾರೋಕೆ ಶುರು ಮಾಡಿದ್ಮೇಲೆ ಇದನ್ನ ಸಲೀಸಾಗಿ ದಾಟ್ಬಹುದು ಅಂತ ಟ್ವಿಸ್‌ಗೆ ಗೊತ್ತಾಗ್ಹೋಯ್ತು.

ದಾಖಲೆ ಅಂದ್ರೆ ಸ್ಪೀಡಾಮೀಟರ್ ನೋಡಿ ಬರ್ಕೊಳ್ಳೋದಲ್ಲ. ನೆಲದ ಮೇಲೆ ಅಳೆದ ಒಂದು ದೂರ ಇರುತ್ತೆ, ಇಲ್ಲಿ ಇಂಗ್ಲೆಂಡಿನ ದಕ್ಷಿಣ ಕರಾವಳಿ ಉದ್ದಕ್ಕೂ 15 ಕಿಲೋಮೀಟರ್ ಚಿಲ್ಲರೆ. ಆ ದೂರನ ಒಂದು ಸಲ ಹೋಗ್ತಾ, ಒಂದು ಸಲ ವಾಪಸ್ ಬರ್ತಾ ಹಾರ್ಬೇಕು, ಎರಡರ ಸರಾಸರಿನೇ ದಾಖಲೆ. ಯಾಕೆ ಎರಡು ಸಲ? ಗಾಳಿಯ ಮೋಸ ತೆಗೆಯೋಕೆ. ಸೈಕಲ್ ಹೊಡೆಯೋರಿಗೆಲ್ಲ ಗೊತ್ತು, ಗಾಳಿ ಬೆನ್ನಿಗಿದ್ರೆ ನಾವೇ ಚಾಂಪಿಯನ್ನು, ತಿರುಗಿ ಬರೋವಾಗ ಅದೇ ಗಾಳಿ ಎದೆಗೆ ಬಡಿದು ನಿಜ ತೋರಿಸುತ್ತೆ.

ಟ್ವಿಸ್ 38,000 ಅಡಿ ಮೇಲೆ ಹಾರಿದ್ರು. ಆ ಅಳೆದ ದೂರ ಮುಗಿಯೋಕೆ ಹಿಡಿದಿದ್ದು ಬರೀ ಅರ್ಧ ನಿಮಿಷ. ಸರಾಸರಿ ಗಂಟೆಗೆ 1,132 ಮೈಲಿ, 1,822 ಕಿಲೋಮೀಟರ್, ಅಂದ್ರೆ ಒಂದು ಸೆಕೆಂಡಿಗೆ ಅರ್ಧ ಕಿಲೋಮೀಟರ್. ಹಳೇ ದಾಖಲೆಗಿಂತ 310 ಮೈಲಿ ಜಾಸ್ತಿ! ದಾಖಲೆಗಳು ಸಾಮಾನ್ಯವಾಗಿ ಇಂಚಿಂಚು ಏರ್ತಾವೆ, ಇದು ಒಂದೇ ನೆಗೆತಕ್ಕೆ ಮೂರನೇ ಒಂದು ಭಾಗಕ್ಕಿಂತ ಜಾಸ್ತಿ ಏರಿತ್ತು. 1957ರ ಡಿಸೆಂಬರಲ್ಲಿ ಅಮೆರಿಕದ ವೂಡೂ ವಿಮಾನ 1,207 ಮೈಲಿ ಹಾರಿ ಇದನ್ನ ಮುರೀತು.

'ಸೂರ್ಯನಿಗಿಂತ ಫಾಸ್ಟು' ಅಂತ ಶೀರ್ಷಿಕೆಲಿ ಬರೆದಿದ್ದು ಬರೀ ಬಣ್ಣದ ಮಾತಲ್ಲ, ಲೆಕ್ಕ ಇದೆ. ಭೂಮಿ ಪೂರ್ವಕ್ಕೆ ತಿರುಗೋದ್ರಿಂದ ಸೂರ್ಯ ಪಶ್ಚಿಮಕ್ಕೆ ಹೋದ ಹಾಗೆ ಕಾಣುತ್ತೆ. ಸಮಭಾಜಕದಲ್ಲಿ ನೆಲ ತಿರುಗೋ ವೇಗ ಗಂಟೆಗೆ ಸುಮಾರು 1,670 ಕಿಲೋಮೀಟರ್, ಇಂಗ್ಲೆಂಡಿನ ದಕ್ಷಿಣದಲ್ಲಿ ಸುಮಾರು 1,050. ಅದಕ್ಕಿಂತ ಜೋರಾಗಿ ಪಶ್ಚಿಮಕ್ಕೆ ಹೋಗ್ತಾ ಇದ್ರೆ ಮುಳುಗಿದ ಸೂರ್ಯ ಪಶ್ಚಿಮದಲ್ಲೇ ಮತ್ತೆ ಮೇಲೆ ಬಂದ ಹಾಗೆ ಕಾಣುತ್ತೆ.

ಆಮೇಲೆ ಕಮ್ಮಿ ಎತ್ತರದಲ್ಲಿ ಶಬ್ದದ ವೇಗ ಮೀರಿ ಹಾರೋ ಪರೀಕ್ಷೆ ಬೇಕಾಯ್ತು. ಆ ಢಂ ಸದ್ದಿಗೆ ಮನೆಗಳ ಗಾಜು ಒಡೆದ್ರೆ ಪರಿಹಾರ ಯಾರು ಕೊಡ್ತಾರೆ ಅನ್ನೋ ತಕರಾರು, ಬ್ರಿಟನ್ನಲ್ಲಿ ಆಗ್ಲಿಲ್ಲ, 1956ರ ಕೊನೇಲಿ ವಿಮಾನನ ಫ್ರಾನ್ಸಿನ ಕಾಜೋಗೆ ತಗೊಂಡು ಹೋಗಿ ಹಾರಿಸಿದ್ರು. ಇದೇ ಸದ್ದಿನ ಕಾರಣಕ್ಕೆ ಅಮೆರಿಕ 1973ರಲ್ಲಿ ನೆಲದ ಮೇಲೆ ಸೂಪರ್‌ಸಾನಿಕ್ ನಾಗರಿಕ ವಿಮಾನ ಹಾರೋದನ್ನ ನಿಷೇಧ ಮಾಡ್ತು. ಎಕ್ಸ್-59ಗೆ ಅಷ್ಟುದ್ದ ಮೂಗು ಇಟ್ಟಿರೋದೂ ಆ ಢಂ ಅನ್ನ ಒಂದು ಸಣ್ಣ ದಬ್ ಮಾಡೋಕೆ.

ಇಷ್ಟೆಲ್ಲ ಮಾಡಿದ ಮನುಷ್ಯ ಬೋಟ್ ಕಂಪನಿಗೆ ಯಾಕೆ ಹೋದ್ರು?

1957ರಲ್ಲಿ ಬ್ರಿಟನ್ನಿನ ರಕ್ಷಣಾ ಮಂತ್ರಿ ಡಂಕನ್ ಸ್ಯಾಂಡಿಸ್ ಒಂದು ಶ್ವೇತಪತ್ರ ತಂದ್ರು, ಮುಂದಿನ ಕಾಲ ಕ್ಷಿಪಣಿಗಳದ್ದು, ಮನುಷ್ಯ ಕೂರೋ ಫೈಟರ್ ವಿಮಾನ ಇನ್ನು ಅಷ್ಟಾಗಿ ಬೇಡ ಅನ್ನೋದು ಅದರ ಸಾರ. ಸುಮಾರು ಯೋಜನೆಗಳು ಅಲ್ಲಿಗೇ ನಿಂತ್ವು. ಡೆಲ್ಟಾ 2 ಯಿಂದ ಫೈಟರ್ ಹುಟ್ಟೋ ಮಾತೂ ಮುಗೀತು. 1960ರಲ್ಲಿ ಫೇರಿಯ ವಿಮಾನ ವ್ಯವಹಾರ ವೆಸ್ಟ್‌ಲ್ಯಾಂಡ್ ಪಾಲಾಯ್ತು.

ಫೇರಿಗೆ ಬೋಟ್ ಮಾಡೋ ಇನ್ನೊಂದು ಕಂಪನಿ ಇತ್ತು, ಫೇರಿ ಮರೀನ್, ಹ್ಯಾಂಬಲ್ ಅನ್ನೋ ಊರಲ್ಲಿ. ಟ್ವಿಸ್ ಅಲ್ಲಿಗೆ ಹೋದ್ರು. ಅಲ್ಲೂ ವಿಮಾನದ ವಾಸನೆ ಇತ್ತು ಅನ್ನಿ, ತೆಳ್ಳನೆ ಮರದ ಪಟ್ಟಿಗಳನ್ನ ಅಚ್ಚಿನ ಮೇಲೆ ಪದರ ಪದರವಾಗಿ ಅಂಟಿಸಿ ಬಿಸಿ ಕೊಟ್ಟು ಬೇಯಿಸಿ ಗಟ್ಟಿ ಮಾಡೋ ಯುದ್ಧಕಾಲದ ವಿಮಾನ ವಿದ್ಯೆಲೇ ಬೋಟ್ ಮಾಡ್ತಿದ್ರು. ಬೋಟುಗಳನ್ನ ಸುಧಾರಿಸೋದು, ಮಾರೋದು ಟ್ವಿಸ್ ಜವಾಬ್ದಾರಿ.

ಸಿನಿಮಾಗೆ ಬಂದಿದ್ದು ಹೀಗೆ

ಮೊದಲನೇದು 1960ರ 'ಸಿಂಕ್ ದ ಬಿಸ್ಮಾರ್ಕ್!'. 1941ರ ಮೇ ತಿಂಗಳಲ್ಲಿ ಜರ್ಮನಿಯ ದೈತ್ಯ ಯುದ್ಧನೌಕೆ ಬಿಸ್ಮಾರ್ಕ್‌ನ ಚುಕ್ಕಾಣಿಗೆ ಟಾರ್ಪಿಡೊ ಹೊಡೆದು ದಿಕ್ಕು ತಪ್ಪಿಸಿದ್ದು ಸ್ವೋರ್ಡ್‌ಫಿಶ್ ಅನ್ನೋ ವಿಮಾನ, ಮರುದಿನ ಆ ಹಡಗು ಮುಳುಗ್ತು. ಸ್ವೋರ್ಡ್‌ಫಿಶ್ ಮಾಡಿದ್ದೂ ಫೇರಿ ಕಂಪನಿನೇ. ಒಂದರ ಮೇಲೊಂದು ಎರಡು ರೆಕ್ಕೆ, ಮೈಗೆ ಬಟ್ಟೆ ಹೊದಿಕೆ, ತೆರೆದ ಕಾಕ್‌ಪಿಟ್ಟು, ಜೋರು ಅಂದ್ರೆ ಗಂಟೆಗೆ 220 ಕಿಲೋಮೀಟರ್ ಆಸುಪಾಸು. ಹಾರೋ ಸ್ಥಿತಿಲಿ ಉಳಿದಿದ್ದೇ ಬೆರಳೆಣಿಕೆ, ಫೇರಿ ಹತ್ರ ಒಂದಿತ್ತು. ಸಿನಿಮಾಕ್ಕಾಗಿ ಟ್ವಿಸ್ ಸ್ವೋರ್ಡ್‌ಫಿಶ್ ಹಾರಿಸಿದ್ರು. 1,822ರಲ್ಲಿ ಹೋದೋರು ಅದರ ಎಂಟನೇ ಒಂದು ಭಾಗದ ಸ್ಪೀಡಿನ ಬಟ್ಟೆ ವಿಮಾನದಲ್ಲಿ!

ಎರಡನೇದು ಬಾಂಡ್ ಸಿನಿಮಾ, 1963ರ 'ಫ್ರಮ್ ರಷ್ಯಾ ವಿತ್ ಲವ್'. ಕೊನೇಲಿ ಬರೋ ಬೋಟ್ ಚೇಸ್ ನೆನಪಿರ್ಬಹುದು, ಕಥೆಲಿ ಅದು ಯುರೋಪಿನ ಬೇರೆಲ್ಲೋ ನಡೆಯೋದು, ಶೂಟಿಂಗ್ ಆಗಿದ್ದು ಸ್ಕಾಟ್ಲೆಂಡಿನ ಕ್ರಿನಾನ್ ಹತ್ರದ ನೀರಲ್ಲಿ. ಬಾಂಡ್ ಬೋಟೂ ಫೇರಿದು, ಬೆನ್ನಟ್ಟೋರ ಬೋಟುಗಳೂ ಫೇರಿವು, ಅದ್ರಲ್ಲಿ ಒಂದನ್ನ ಓಡಿಸಿದ್ದು ಟ್ವಿಸ್. ಕಂಪನಿಗೆ ಪುಕ್ಕಟೆ ಜಾಹೀರಾತು ಬೇರೆ.

ಇದನ್ನ ಆ್ಯಕ್ಟಿಂಗ್ ಅನ್ಬಹುದಾ? ಡೈಲಾಗ್ ಹೊಡೆಯೋ ಹೀರೋ ಏನೂ ಅಲ್ಲ, ಒಪ್ಕೋಣ. ಆದ್ರೆ ಕ್ಯಾಮೆರಾಗೆ ಏನು ಬೇಕು ನೋಡಿ. ವಿಮಾನನೋ ಬೋಟೋ ಹೇಳಿದ ಕಡೆಯಿಂದ, ಹೇಳಿದ ದೂರದಲ್ಲಿ, ಹೇಳಿದ ಸ್ಪೀಡಲ್ಲಿ ಬರ್ಬೇಕು, ಬಿಸಿಲು ಸರಿ ಬೀಳ್ಲಿಲ್ಲ ಅಂದ್ರೆ ಇನ್ನೊಂದ್ಸಲ ಅದೇ ಗೆರೆ ಮೇಲೆ ಬರ್ಬೇಕು, ಮೂರನೇ ಸಲನೂ ಅದೇ ಗೆರೆ. ಟೆಸ್ಟ್ ಪೈಲಟ್ ದಿನಾ ಮಾಡೋದೂ ಇದನ್ನೇ ಅಲ್ವಾ, ರೀಡಿಂಗ್‌ಗೋಸ್ಕರ. ಧೈರ್ಯ ಇರೋರು ಊರ ತುಂಬ ಸಿಗ್ತಾರೆ, ಒಂದೇ ಕೆಲಸನ ಹತ್ತು ಸಲ ಒಂದೇ ಥರ ಮಾಡೋರು ಸಿಗೋದು ಕಷ್ಟ.

ಬೇರೆ ಯಾರಾದ್ರೂ ಇದಾರಾ?

ಇದಾರೆ. 1947ರ ಅಕ್ಟೋಬರ್ 14ಕ್ಕೆ ಮೊದಲ ಸಲ ಮಟ್ಟಸ ಹಾರಾಟದಲ್ಲಿ ಶಬ್ದದ ವೇಗ ದಾಟಿದ ಚಕ್ ಯೇಗರ್, ಅವರದ್ದೇ ಕಥೆ ಬರೋ 1983ರ 'ದ ರೈಟ್ ಸ್ಟಫ್' ಸಿನಿಮಾದಲ್ಲಿ ಬಾರಲ್ಲಿ ಡ್ರಿಂಕ್ಸ್ ಕೊಡೋ ಫ್ರೆಡ್ ಅನ್ನೋ ಸಣ್ಣ ಪಾತ್ರ ಮಾಡಿದಾರೆ. ಯೇಗರ್ ಪಾತ್ರ ಮಾಡಿದ್ದು ಸ್ಯಾಮ್ ಶೆಪರ್ಡ್, ಹಾಗಾಗಿ ತೆರೆ ಮೇಲೆ ಕಥೆಯ ಯೇಗರ್ ಇದ್ರೆ, ನಿಜವಾದ ಯೇಗರ್ ಬೇರೆ ಯಾರೋ ಆಗಿ ನಿಂತಿದಾರೆ. ಜರ್ಮನಿಯ ಎರ್ನ್ಸ್ಟ್ ಉಡೆಟ್ ಅಂತೂ ಮೊದಲ ಮಹಾಯುದ್ಧದಲ್ಲಿ 62 ವಿಮಾನ ಉರುಳಿಸಿದೋರು, 1929ರಿಂದ ಹಿಮಪರ್ವತದ ಸಿನಿಮಾಗಳಲ್ಲಿ ಪೈಲಟ್ ಆಗಿ ಕಾಣಿಸ್ಕೊಂಡು ಜನಪ್ರಿಯ ನಟನೇ ಆಗ್ಬಿಟ್ರು, ಆಮೇಲೆ ವಾಯುಪಡೆಯ ತಾಂತ್ರಿಕ ವಿಭಾಗದ ದೊಡ್ಡ ಕುರ್ಚಿಲಿ ಕೂತು ಹೊಸ ವಿಮಾನಗಳನ್ನ ತಾವೇ ಹಾರಿಸಿ ನೋಡ್ತಿದ್ರು. ಅವರ ಕೊನೆ ಸುಖದ್ದಲ್ಲ, ಅದು ಬೇರೆ ಕಥೆ.

ಆ ವಿಮಾನ ಈಗ ಎಲ್ಲಿದೆ, ಟ್ವಿಸ್ ಏನಾದ್ರು?

ದಾಖಲೆ ಮಾಡಿದ ಡೆಲ್ಟಾ 2 ವಿಮಾನಕ್ಕೆ ಆಮೇಲೆ ರೆಕ್ಕೆನೇ ಬದಲಾಯಿಸಿ, ಕಾಂಕಾರ್ಡ್ ರೆಕ್ಕೆಯ ಆಕಾರ ಪರೀಕ್ಷೆ ಮಾಡೋಕೆ ಬಳಸಿದ್ರು, ಹೆಸರೂ ಬಿಎಸಿ 221 ಅಂತ ಆಯ್ತು. ಈಗ ಅದು ಯೋವಿಲ್ಟನ್ನಿನ ಫ್ಲೀಟ್ ಏರ್ ಆರ್ಮ್ ಮ್ಯೂಸಿಯಮಲ್ಲಿದೆ. ಅದರ ಜೋಡಿ ಕಾಸ್‌ಫೋರ್ಡ್‌ನ ಆರ್‌ಎಎಫ್ (ಬ್ರಿಟನ್ ವಾಯುಪಡೆ) ಮ್ಯೂಸಿಯಮಲ್ಲಿ, ಹಳೇ ರೆಕ್ಕೆ ಸಮೇತ.

ಟ್ವಿಸ್ ಒಟ್ಟು ಸುಮಾರು 140 ಬಗೆಯ ವಿಮಾನ ಹಾರಿಸಿದ್ರು. 1969ರಲ್ಲಿ ಬ್ರಿಟನ್ ಸುತ್ತೋ ಪವರ್‌ಬೋಟ್ ರೇಸಲ್ಲೂ ಓಡಿಸಿದ್ರು. ತೀರ್ಕೊಂಡಿದ್ದು 2011ರ ಆಗಸ್ಟ್ 31ಕ್ಕೆ, 90 ವರ್ಷ ಆಗಿತ್ತು. ಬೋಟಿನ ದಿನಗಳೆಲ್ಲ ಮುಗಿದ್ಮೇಲೂ ಲಾಶಮ್ ಅನ್ನೋ ಕಡೆ ಗ್ಲೈಡಿಂಗ್ ಕ್ಲಬ್ಬಲ್ಲಿ ಹಾರ್ತಿದ್ರು. ಗ್ಲೈಡರ್ ಅಂದ್ರೆ ಇಂಜಿನ್ ಇಲ್ದೆ ಗಾಳಿ ಮೇಲೆ ತೇಲೋ ವಿಮಾನ, ಅದರಲ್ಲಿ ಪ್ರತಿ ಲ್ಯಾಂಡಿಂಗೂ ಡೆಡ್‌ಸ್ಟಿಕ್ಕೇ.